ಅಕ್ಕ ಹೇಳಿದ ‘ಹೂ’

ನಮ್ಮ ಮನೆಯಲ್ಲಿ ಯಾರಾದರೂ ಏನಾದರೂ ಕೇಳಿದರೆ ಒಪ್ಪಿಗೆಗೆ ‘ಹೂಂ’ ಎನ್ನುವುದು ನನ್ನ ಅಭ್ಯಾಸ. ಅಕ್ಕನಿಗೆ ಆ ಅಭ್ಯಾಸ ಇರಲಿಲ್ಲ. ಅವಳು ‘ಆವು’ ಎನ್ನುತ್ತಿದ್ದಳು. ತುಳುವಿನಲ್ಲಿ ಆವು ಎಂದರೆ ಆಗಲಿ, ಆಗಬಹುದು. ಮೂಗಿನಲ್ಲಿ ಉತ್ತರ ಕೊಡಬೇಡಿ, ಬಾಯಿ ತೆರೆದು ಹೇಳಿ ಎಂದು ಅಮ್ಮ ಚಿಕ್ಕಂದಿನಲ್ಲಿ ಇಬ್ಬರನ್ನೂ ಗದರಿಸುತ್ತಿದ್ದಳು. ಅಕ್ಕನಿಗೆ ತಾಗಿತು, ನನಗೆ ತಾಗಲಿಲ್ಲ. ಈ ವ್ಯತ್ಯಾಸ ನನಗೆ ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದೂ ಗೊತ್ತಿಲ್ಲದವನ ಹಾಗೆ ನಡೆದುಕೊಂಡೆ.

ನಾನು ಏಳನೆಯ ತರಗತಿಗೆ ಶಾಲೆ ಬಿಟ್ಟವನು. ಮೂಡಬಿದಿರೆ ಬಸ್ ನಿಲ್ದಾಣದ ಹತ್ತಿರ ಸಣ್ಣ ಹೋಟೆಲು, ಮನೆ ಶಿರ್ತಾಡಿಯಲ್ಲಿ. ಅಕ್ಕ ನರ್ಸಿಂಗ್ ಕಲಿತು ಮೊದಲು ಗಲ್ಫಿಗೆ, ಅಲ್ಲಿಂದ ಜರ್ಮನಿಗೆ ಹೋದಳು. ಮದುವೆಯಾಗಲಿಲ್ಲ. ಅಲ್ಲಿ ಒಂದು ವೃದ್ಧಾಶ್ರಮದಲ್ಲಿ ಕೆಲಸ. ಅಲ್ಲಿನ ಮುದುಕರಿಗೆ ಪುಸ್ತಕ ಓದಿ ಹೇಳಲು ಒಬ್ಬರು ನಿವೃತ್ತ ಟೀಚರಮ್ಮ ಬರುತ್ತಿದ್ದರಂತೆ. ಅವರೇ ಒಂದು ಗುರುವಾರ ಸಂಜೆ ಅಕ್ಕನನ್ನು ಸೈಕಲ್ ರಿಪೇರಿ ಅಂಗಡಿಯ ಮೇಲಿನ ಒಂದು ಕೋಣೆಗೆ ಕರೆದುಕೊಂಡು ಹೋದರು.

ಆ ಕೋಣೆಯ ವಿಷಯ ಅಕ್ಕ ನನಗೆ ಫೋನಿನಲ್ಲಿ ಹೇಳಿದಳು. ಎಲ್ಲರೂ ಬಿಳಿಯರು. ಬೂಟು ಹೊರಗೆ ಬಿಟ್ಟು ಜಮಖಾನೆಯ ಮೇಲೆ ಸುತ್ತ ಕೂರುತ್ತಾರೆ. ಚರ್ಚಿಗೆ ಹೋಗುವವರಿದ್ದಾರೆ, ಎಲ್ಲಿಗೂ ಹೋಗದವರಿದ್ದಾರೆ. ಟೀಚರಮ್ಮ ಪ್ರಾಯದಲ್ಲಿ ತುರ್ಕಿಗೆ ಹೋಗಿ ಒಬ್ಬ ಸೂಫಿ ಗುರುವಿನಿಂದ ಕಲಿತು ಬಂದವರು. ದೀಪ ತಗ್ಗಿಸಿ, ಉಸಿರು ಬಿಡುತ್ತ, ಎಲ್ಲರೂ ಒಟ್ಟಿಗೆ ‘ಹೂ… ಹೂ…’ ಎನ್ನುತ್ತಾರೆ. ಅದು ಝಿಕ್ರ್, ಅಂದರೆ ದೇವರ ಸ್ಮರಣೆ. ಕೊನೆಗೆ ಚಹಾ ಮತ್ತು ಬಿಸ್ಕತ್ತು.

“ಇದಕ್ಕೆ ಜರ್ಮನಿ ತನಕ ಹೋಗಬೇಕಿತ್ತಾ ಮಾರಾಯ್ತಿ?” ಎಂದೆ. “ಬಂಟ್ವಾಳದ ಬಸ್ಸು ಹತ್ತಿದರೆ ಸಾಕಿತ್ತು.”

ಬಂಟ್ವಾಳದ ಆಚೆ ಗುಡ್ಡದ ಮೇಲೆ ಒಂದು ದರ್ಗಾ ಉಂಟು. ಅಕ್ಕನಿಗೆ ಸಣ್ಣದಿರುವಾಗ ನಾಯಿಕೆಮ್ಮು ಬಂದು ಬಿಡದೆ ಹೋದಾಗ ಅಮ್ಮ ಅಲ್ಲಿಗೆ ಸಕ್ಕರೆ ಹರಕೆ ಹೇಳಿದ್ದಳು. ಗುಣವಾದ ಮೇಲೆ ಇಬ್ಬರನ್ನೂ ಕರೆದುಕೊಂಡು ಹೋಗಿ ಒಪ್ಪಿಸಿದ್ದು ನನಗೆ ನೆನಪಿದೆ.

ಅಕ್ಕ ನಕ್ಕಳು. “ಅಲ್ಲಿ ಹೊರಗೆ ನಿಂತು ಸಕ್ಕರೆ ತಿಂದದ್ದು ಮಾತ್ರ. ಒಳಗೆ ಏನು ಹೇಳ್ತಾರೆ ಅಂತ ನಾವು ಕೇಳಿದ್ದೇವಾ? ಇಲ್ಲಿಯವರಿಗೆ ನನ್ನನ್ನು ನೋಡಿ ಖುಷಿಯೋ ಖುಷಿ. ಇಂಡಿಯಾದವಳು, ಎಲ್ಲ ಗೊತ್ತಿರಬೇಕು ಅಂತ. ನನಗೆ ಸಕ್ಕರೆಯ ರುಚಿ ಬಿಟ್ಟರೆ ಬೇರೆ ಏನೂ ಗೊತ್ತಿರಲಿಲ್ಲ.”

“ಹಾಗಾದರೆ ನೀನು ಮತ ಬದಲಾಯಿಸಿದೆಯಾ?”

“ಯಾರೂ ಕೇಳಲಿಲ್ಲ, ನಾನೂ ಬದಲಾಯಿಸಲಿಲ್ಲ. ಅಮ್ಮನ ಗಣಪತಿ ಫೋಟೋ ಗೋಡೆಯಲ್ಲೇ ಉಂಟು. ಉಸಿರು ಬಿಡುವುದು ಕಲಿತೆ, ಅಷ್ಟೆ.”

‘ಹೂ’ ಎಂದರೇನು ಎಂದು ಕೇಳಿದಾಗ ಅವಳು ಹೇಳಿದ್ದು ನನಗೆ ಈಗಲೂ ಕಿವಿಯಲ್ಲಿದೆ. “ಹೂ ಅಂದರೆ ಅವನು. ಅಜ್ಜಿ ಯಾವತ್ತಾದರೂ ಅಜ್ಜನ ಹೆಸರು ಹೇಳಿದ್ದುಂಟಾ? ‘ಆರ್’, ಅವರು ಅಂತಲೇ ಅಲ್ಲವಾ ಹೇಳುವುದು? ಅವರು ಬಂದರು, ಅವರಿಗೆ ಊಟ ಆಯಿತು. ಹತ್ತಿರದವರನ್ನು ಹೆಸರು ಹಿಡಿದು ಕರೆಯುವುದಿಲ್ಲ. ಇದೂ ಹಾಗೆಯೇ.”

ಆಮೇಲೆ ಅವಳಿಗೆ ಕಾಯಿಲೆ ಬಂತು. ಔಷಧದಿಂದ ಇನ್ನು ಪ್ರಯೋಜನವಿಲ್ಲ ಎಂದು ಅಲ್ಲಿನ ಡಾಕ್ಟರು ಹೇಳಿದ ಮೇಲೆ ಊರಿಗೆ ಬಂದಳು. ಬಂದ ವಾರವೇ ಅಡುಗೆಮನೆಯಲ್ಲಿ ಕೂತು ನನ್ನ ಹತ್ತಿರ ಒಂದು ಮಾತು ಕೇಳಿದಳು. “ನನ್ನದು ಮುಗಿಯುವ ಹೊತ್ತಿಗೆ ಟೀಚರಮ್ಮ ಮತ್ತು ಇನ್ನಿಬ್ಬರು ಬರ್ತೇವೆ ಅಂದಿದ್ದಾರೆ. ಹತ್ತಿರ ಕೂತು ಆ ಒಂದು ಶಬ್ದ ಹೇಳ್ತಾರೆ. ಅಷ್ಟಕ್ಕೆ ಬಿಡು. ಆಮೇಲೆ ಸುಡುವುದು, ಉತ್ತರಕ್ರಿಯೆಯ ಬೊಜ್ಜ ಮಾಡುವುದು ಎಲ್ಲ ನಮ್ಮ ಕ್ರಮದಲ್ಲೇ ಮಾಡು, ನನಗೆ ಬೇಸರ ಇಲ್ಲ.”

“ಆಯಿತು ಅಕ್ಕ. ಬರಲಿ. ನೀರುದೋಸೆ ಮಾಡಿ ಹಾಕ್ತೇನೆ,” ಎಂದೆ. ಹೇಳುವಾಗ ಮನಸ್ಸಿನಲ್ಲಿ ಬೇರೆ ಏನೂ ಇರಲಿಲ್ಲ.

ಗುರುವಾರ ಸಂಜೆ ಅವಳು ಉಪ್ಪರಿಗೆಯ ಕೋಣೆಯಲ್ಲಿ ಒಬ್ಬಳೇ ಕೂತು ಮೆಲ್ಲಗೆ ತೂಗುತ್ತ ‘ಹೂ’ ಎನ್ನುತ್ತಿದ್ದಳು. ಒಮ್ಮೆ ಬೆಳ್ತಂಗಡಿಯಿಂದ ಸೋದರಮಾವ ಬಂದಿದ್ದರು. ನಮ್ಮ ಪೈಕಿಯಲ್ಲಿ ತಾಯಿಯ ತಮ್ಮನ ಮಾತೆಂದರೆ ಮನೆಯ ಮಾತು. ಅವರು ಮೆಟ್ಟಿಲ ಕೆಳಗೆ ನಿಂತು ಕಿವಿಗೊಟ್ಟರು. ನಮ್ಮಲ್ಲಿ ಹೆಂಗಸು ಕಣ್ಣುಮುಚ್ಚಿ ತೂಗಿದರೆ ಮೊದಲು ಹೊಳೆಯುವುದು ಒಂದೇ.

“ಏನೋ ಅದು? ಮೈಮೇಲೆ ಬಂದಿದೆಯಾ? ಸತ್ತವರ ಯಾವುದೋ ಕುಲೆಯ ಉಪದ್ರ ಇರಬೇಕು. ಪ್ರಶ್ನೆ ಇಡುವ.”

ಜೋಯಿಸರ ಹತ್ತಿರ ಹೋದರೆ ಮಾತು ಎಲ್ಲೆಲ್ಲಿಗೆ ಹೋಗುತ್ತದೋ ಎಂದು ನನಗೆ ಹೆದರಿಕೆಯಾಯಿತು. “ಇಲ್ಲ ಮಾವ. ಉಸಿರಿನ ವ್ಯಾಯಾಮ. ಅಲ್ಲಿನ ಡಾಕ್ಟರು ಹೇಳಿಕೊಟ್ಟದ್ದು,” ಎಂದೆ.

ಮಾವನಿಗೆ ಹಳೆಯ ದಮ್ಮು. “ಹಾಗಾದರೆ ನನಗೂ ಹೇಳಿಕೊಡಲಿ,” ಎಂದು ಮೇಲೆ ಹತ್ತಿದರು. ನಾನು ಹಿಂದೆಯೇ ಹೋಗಿ ಅಕ್ಕನ ಮುಂದೆಯೂ ಅದೇ ಮಾತು ಹೇಳಿದೆ, ವ್ಯಾಯಾಮ ಎಂದು. ಅಕ್ಕ ನನ್ನ ಮುಖ ನೋಡಿದಳು. ಬಳಿಕ ಮಾವನಿಗೆ ಬೆನ್ನು ನೇರ ಮಾಡಿ ಕೂರುವುದನ್ನು, ಹೊಟ್ಟೆಯಿಂದ ಉಸಿರು ಬಿಡುವುದನ್ನು ತೋರಿಸಿಕೊಟ್ಟಳು. ಮಾವ ಮನೆಗೆ ಹೋಗಿಯೂ ಬೆಳಿಗ್ಗೆ ಬೆಳಿಗ್ಗೆ ‘ಹೂ’ ಎನ್ನುತ್ತಿದ್ದರು. ದಮ್ಮು ಹದಕ್ಕೆ ಬಂದಿದೆ ಎಂದು ಫೋನು ಮಾಡಿದರು. ಅಕ್ಕ ಮತ್ತು ನಾನು ಆ ದಿನ ಹೊಟ್ಟೆ ಹಿಡಿದುಕೊಂಡು ನಕ್ಕೆವು. ನಕ್ಕು ಮುಗಿದ ಮೇಲೆ ಅವಳು ಕೇಳಿದಳು, “ನಿನಗೆ ನನ್ನಿಂದ ಮರ್ಯಾದೆ ಹೋಗ್ತದೆ ಅಂತ ಕಾಣ್ತದಾ ತಮ್ಮ?” ಇಲ್ಲ ಎಂದೆ. ಆದರೆ ಆ ದಿನದಿಂದ ಗುರುವಾರ ಸಂಜೆ ಉಪ್ಪರಿಗೆಯ ಕಿಟಕಿ ಮುಚ್ಚುವ ಕೆಲಸ ನಾನೇ ಮಾಡಿದೆ. ರಸ್ತೆಗೆ ಕೇಳಬಾರದು ಎಂದು. ಅವಳು ಸೆಕೆ ಎನ್ನಲಿಲ್ಲ.

ಕೊನೆಗೆ ಅವಳನ್ನು ಕೆಳಗಿನ ಕೋಣೆಗೆ ತಂದು ಮಲಗಿಸಿದೆವು. ಇನ್ನು ಹೆಚ್ಚು ದಿನವಿಲ್ಲ ಎಂದು ಮೂಡಬಿದಿರೆಯ ಡಾಕ್ಟರು ಬಂದು ಹೇಳಿ ಹೋದರು. ಮಾವನೂ ಬಂದು ಉಳಿದಿದ್ದರು. ಟೀಚರಮ್ಮ ನನ್ನ ಮಗಳ ಮೊಬೈಲಿಗೆ ಬರೆದರು: ಹೊರಡಲು ತಯಾರಿದ್ದೇವೆ, ನೀವು ಹೇಳಿದರೆ ಸಾಕು. ಮಗಳು ಮಿಜಾರಿನಲ್ಲಿ ಕಾಲೇಜು ಓದುವವಳು, ಅಕ್ಕನನ್ನು ಬಿಟ್ಟರೆ ಮನೆಯಲ್ಲಿ ಇಂಗ್ಲಿಷ್ ಬರುವುದು ಅವಳಿಗೆ ಮಾತ್ರ. ಅವಳು ಅದನ್ನು ಮಾವನ ಎದುರಿಗೇ ಕನ್ನಡ ಮಾಡಿ ಗಟ್ಟಿಯಾಗಿ ಓದಿದಳು.

“ಯಾರು ಅವರು? ಯಾಕೆ ಬರುವುದು?” ಎಂದರು ಮಾವ. ಹೇಳಬೇಕಾಯಿತು. ಅವರ ಮುಖದ ಬಣ್ಣವೇ ಬದಲಾಯಿತು. ತಾನು ಬೆಳಿಗ್ಗೆ ಬೆಳಿಗ್ಗೆ ಹೇಳುತ್ತಿದ್ದದ್ದು ಏನು ಎಂಬುದೂ ಆಗಲೇ ಅವರಿಗೆ ಗೊತ್ತಾದದ್ದು.

“ಬಿಳಿಯರು ಬಂದು ನಮ್ಮ ಚಾವಡಿಯಲ್ಲಿ ಕೂತು ಅದನ್ನು ಹೇಳುವುದಾ? ಹೊರಗಿನ ಕಾಲ ಹೇಗುಂಟು ಅಂತ ಗೊತ್ತುಂಟಾ ನಿನಗೆ? ಯಾರೋ ಒಬ್ಬ ವಿಡಿಯೋ ಮಾಡಿದರೆ ಸಾಯಂಕಾಲಕ್ಕೆ ಎಲ್ಲರ ಮೊಬೈಲಿನಲ್ಲಿ. ಆಮೇಲೆ ನಿನ್ನ ಹೋಟೆಲಿಗೆ ಯಾರು ಬರ್ತಾರೆ, ನಿನ್ನ ಮಗಳನ್ನು ಯಾರು ಕೇಳ್ತಾರೆ?”

ಅಕ್ಕನ ಮಾತನ್ನು ನಾನು ಹೇಳಬಹುದಿತ್ತು. ಅಡುಗೆಮನೆಯಲ್ಲಿ ಒಪ್ಪಿದ್ದೇನೆ ಮಾವ ಎಂದಿದ್ದರೆ ಅವರು ಬೈಯುತ್ತಿದ್ದರು, ಎದ್ದು ಬೆಳ್ತಂಗಡಿಗೆ ಹೋಗುತ್ತಿದ್ದರು, ಮೂರು ತಿಂಗಳು ಮಾತು ಬಿಡುತ್ತಿದ್ದರು. ಅದಕ್ಕಿಂತ ಹೆಚ್ಚಿನದು ಏನೂ ಆಗುತ್ತಿರಲಿಲ್ಲ. ನಾನು ಹೇಳಿದ್ದು, “ಅಕ್ಕನನ್ನೇ ಕೇಳುವ.”

ಮೂವರೂ ಅವಳ ಕೋಣೆಗೆ ಹೋದೆವು. ಅವಳ ಕಣ್ಣು ಅರ್ಧ ಮುಚ್ಚಿತ್ತು. ಉಸಿರು ದೂರದಿಂದ ಬಂದ ಹಾಗೆ ಬರುತ್ತಿತ್ತು. ನಾನು ಕಿವಿಯ ಹತ್ತಿರ ಬಗ್ಗಿದೆ.

“ಅಕ್ಕ, ಅವರು ಬರುವುದು ಬೇಡ ಅಲ್ಲವಾ?”

ಕೇಳಿದ ರೀತಿಯಲ್ಲೇ ನನ್ನ ಮನಸ್ಸು ಇತ್ತು. ಅವಳು ಉಸಿರು ಬಿಟ್ಟಳು. “ಹೂ…”

“ಹೂಂ ಅಂದಳಲ್ಲ,” ಎಂದರು ಮಾವ. “ಮುಗಿಯಿತು.”

ನಾನು ತಲೆ ಎತ್ತಲಿಲ್ಲ. ಅಕ್ಕ ಮತ್ತೆ ಉಸಿರೆಳೆದು ಮತ್ತೆ ‘ಹೂ’ ಎಂದಳು. ಯಾರೂ ಏನೂ ಕೇಳದಿದ್ದರೂ ಎಂದಳು. ಬಾಗಿಲ ಹತ್ತಿರ ನಿಂತಿದ್ದ ಮಗಳು ಕೇಳಿದಳು, “ಅತ್ತೆ ಬೇಡ ಅಂದರಾ ಅಪ್ಪ? ನಾನು ಹಾಗೇ ಬರೆಯಲಾ?”

“ಹೂಂ,” ಎಂದೆ. ಅವಳು ಬರೆದಳು.

ಅದಾದ ಮೇಲೆ ಅಕ್ಕ ನಾಲ್ಕೈದು ದಿನ ಇದ್ದಳು. ಮನೆಯ ಮುಂದೆ ರಿಕ್ಷಾ ನಿಂತ ಸದ್ದಾದರೆ ಅವಳ ಕಣ್ಣು ಬಾಗಿಲಿಗೆ ಹೋಗುತ್ತಿತ್ತು. “ಪಕ್ಕದ ಮನೆಗೆ ಬಂದದ್ದು ಅಕ್ಕ,” ಎನ್ನುತ್ತಿದ್ದೆ. ಒಂದು ಮಧ್ಯಾಹ್ನ, ನಾನು ಹೋಟೆಲಿನಿಂದ ಬಂದು ಕೈ ತೊಳೆಯುತ್ತಿದ್ದಾಗ, ಉಸಿರು ನಿಂತಿತು. ಬೊಜ್ಜ ನಮ್ಮ ಕ್ರಮದಲ್ಲೇ ಆಯಿತು. ಬಂದವರೆಲ್ಲ ಊಟ ಚೆನ್ನಾಗಿತ್ತು ಎಂದರು.

ಕೆಲವು ದಿನ ಕಳೆದು ಟೀಚರಮ್ಮ ವಿಡಿಯೋ ಕರೆ ಮಾಡಿದರು. ಬಿಳಿ ಕೂದಲಿನ, ಸಣ್ಣ ಮೈಯ ಹೆಂಗಸು. ಹಿಂದೆ ಕೆಂಪು ಜಮಖಾನೆ ಕಾಣುತ್ತಿತ್ತು. ಅವರು ಇಂಗ್ಲಿಷಿನಲ್ಲಿ ಹೇಳಿದ್ದನ್ನು ಮಗಳು ನನಗೆ ಹೇಳುತ್ತ ಹೋದಳು. ಬರಬೇಡಿ ಎಂದದ್ದಕ್ಕೆ ಬೇಸರವಿಲ್ಲ, ಅದು ಅವಳ ಇಷ್ಟ ಎಂದರು. ಕೊನೆಗೆ ಒಂದು ಪ್ರಶ್ನೆ.

“ಅತ್ತೆ ಕೊನೆಗೆ ಏನಾದರೂ ಮಾತಾಡಿದರಾ ಅಂತ ಕೇಳ್ತಿದ್ದಾರೆ.”

“ಹೂ ಅಂದಳು,” ಎಂದೆ.

ಮಗಳು ಅನುವಾದ ಮಾಡುವ ಅಗತ್ಯವೇ ಬೀಳಲಿಲ್ಲ. ಟೀಚರಮ್ಮ ಎದೆಯ ಮೇಲೆ ಅಂಗೈ ಇಟ್ಟು ಕಣ್ಣು ಮುಚ್ಚಿದರು. ಮುಖದಲ್ಲಿ ಅಳುವೂ ನಗುವೂ ಒಟ್ಟಿಗೆ ಬಂತು. ಏನೋ ಹೇಳಿದರು. ಮಗಳು ನನಗೆ ಹೇಳಿದಳು, “ಹಾಗಾದರೆ ನಾವು ಬರಬೇಕೆಂದಿರಲಿಲ್ಲ, ಅವಳು ಒಬ್ಬಳೇ ಇರಲಿಲ್ಲ ಅಂತ ಹೇಳ್ತಾರೆ. ನಿಮಗೆ ತುಂಬ ಉಪಕಾರ ಅಂತೆ.”

ಹೇಳಿ ಮುಗಿಸಿ ಅವಳು ನನ್ನನ್ನೇ ನೋಡಿದಳು. ಅಂದು ಬಾಗಿಲ ಹತ್ತಿರ ನಿಂತು ಕೇಳಿದ್ದು ಅವಳಿಗೆ ಈಗ ಬೇರೆಯಾಗಿ ಕೇಳಿಸಿರಬೇಕು. ನಾನು ಮೊಬೈಲಿನ ಕಡೆಗೆ ಕೈ ಮುಗಿದೆ. ಆ ಹೆಂಗಸಿಗೆ ನಿಜ ಹೇಳುವ ಧೈರ್ಯ ಆಗಲೂ ಬರಲಿಲ್ಲ. ಹೇಳಿದರೆ ಅವರ ಸಮಾಧಾನವನ್ನೂ ಕಿತ್ತುಕೊಂಡ ಹಾಗಾಗುತ್ತಿತ್ತು ಎಂದು ನನಗೆ ನಾನೇ ಹೇಳಿಕೊಂಡಿದ್ದೇನೆ. ಅದು ಎಷ್ಟು ನಿಜವೋ ಗೊತ್ತಿಲ್ಲ.

ಮಗಳು ಈ ತನಕ ಆ ವಿಷಯ ಎತ್ತಿಲ್ಲ. ಆದರೆ ಈಗ ಮನೆಯಲ್ಲಿ ನಾನು ಏನು ಕೇಳಿದರೂ, ಬಸ್ಸಿನ ತನಕ ಬಿಡಲಾ, ದೋಸೆ ಇನ್ನೊಂದು ಹಾಕಲಾ ಎಂದರೂ, ಅವಳು ಹೂಂ ಎನ್ನುವುದಿಲ್ಲ. ನನ್ನ ಮುಖ ನೋಡಿ, ಬಾಯಿ ತೆರೆದು, “ಆವು” ಎನ್ನುತ್ತಾಳೆ.