ಅಮ್ಮಣಿಯ ತಲೆಗೆ ಬಂದ ಆಣೆ

ವೇಣೂರಿನ ಅಮ್ಮಣಿ ಇಡೀ ದಿನ ಬೀಡಿ ಕಟ್ಟುತ್ತಿದ್ದಳು. ಬಾಯಿಯನ್ನು ಮಾತ್ರ ಒಮ್ಮೆಯೂ ಕಟ್ಟಿದವಳಲ್ಲ. ಅವಳ ಕಿವಿಗೆ ಬಿದ್ದ ಸುದ್ದಿ ಬಸ್ಸಿಗಿಂತ ಮೊದಲು ಮೂಡುಬಿದಿರೆ ತಲುಪುತ್ತದೆ ಎಂದು ಊರವರು ನಗುತ್ತಿದ್ದರು. ೧೯೫೮ರ ಬಸ್ಸಿನ ವೇಗಕ್ಕೆ ಅದೇನೂ ದೊಡ್ಡ ಸಾಧನೆಯಲ್ಲ.

ಅಂಥವಳಿಗೆ ಯಾರು ಗುಟ್ಟು ಹೇಳುತ್ತಾರೆ? ಪಕ್ಕದ ಮನೆಯ ನೀಲಾವತಿಯಂತೂ ಅಮ್ಮಣಿ ಜಗಲಿ ಹತ್ತಿದರೆ ಕೆಮ್ಮನ್ನೂ ನುಂಗಿಬಿಡುತ್ತಿದ್ದಳು. ಅವಳೂ ಬೀಡಿ ಕಟ್ಟುವವಳೇ. ಗಂಡ ಇಲ್ಲ, ಇದ್ದವಳು ಆರು ವರ್ಷದ ಮಗಳು ಪದ್ಮಾಕ್ಷಿ.

ಆ ಮಳೆಗಾಲ ಪದ್ಮಾಕ್ಷಿಯ ಮಾತು ನಿಂತಿತು. ಗಂಜಿಯ ಬಟ್ಟಲಲ್ಲಿ ಬೆರಳಿಟ್ಟು ಸುಮ್ಮನೆ ಕೂರುವಳು. ಅಮ್ಮ ಕೆಮ್ಮಿದ ಸದ್ದಾದರೆ ಓಡಿಹೋಗಿ ಬಾಗಿಲು ಮುಚ್ಚುವಳು.

"ಎಂತ ಮಾರಾಯ್ತಿ, ಬೀಡಿ ನೂಲಿನಲ್ಲಿ ಬಾಯಿ ಹೊಲಿದರಾ?" ಒಂದು ದಿನ ತನ್ನ ಜಗಲಿಗೆ ಬಂದು ಕೂತವಳನ್ನು ಅಮ್ಮಣಿ ಕೇಳಿದಳು.

"ಹೇಳಬಾರದು ದೊಡ್ಡಮ್ಮ. ಆಣೆ ಉಂಟು."

ಅಮ್ಮಣಿಯ ಕತ್ತರಿ ನಿಂತಿತು. "ಗುಟ್ಟಾ? ನೆನೆದರೆ ನಗು ಬರ್ತದಾ, ಹೊಟ್ಟೆ ನೋಯ್ತದಾ?"

"ಹೊಟ್ಟೆ."

"ನಗು ಬರುವುದನ್ನು ಇಟ್ಟುಕೋ. ಹೊಟ್ಟೆ ನೋಯಿಸುವುದನ್ನು ದೊಡ್ಡವರ ಹತ್ತಿರ ಹೇಳಬೇಕು."

"ಹೇಳಿದರೆ ಅಮ್ಮನ ತಲೆ ಸಿಡೀತದೆ. ಅಮ್ಮನೇ ತಲೆ ಮುಟ್ಟಿಸಿ ಆಣೆ ಹಾಕಿಸಿದ್ದು."

"ಹೇಳದಿದ್ದರೆ?"

"ಆಗಲೂ ಅಮ್ಮ ಸಾಯ್ತಾಳೆ."

ಆಣೆ ಎಂದರೆ ಅಮ್ಮಣಿಗೂ ಹೆದರಿಕೆಯೇ. ಅದೆಲ್ಲ ಸುಳ್ಳು ಎನ್ನುವ ಧೈರ್ಯ ಅವಳಿಗಿರಲಿಲ್ಲ. ಅಂದಿದ್ದರೂ ಮಗು ನಂಬುತ್ತಿರಲಿಲ್ಲ. ಮಡಿಲಲ್ಲಿದ್ದ ಬೀಡಿ ಎಲೆಯ ಗೆರಸೆ ಬದಿಗಿಟ್ಟು, ಆ ಪುಟ್ಟ ಕೈಯನ್ನು ತನ್ನ ನೆತ್ತಿಯ ಮೇಲಿಟ್ಟುಕೊಂಡಳು.

"ನಿನ್ನ ಅಮ್ಮನ ತಲೆಯ ಆಣೆ ಇನ್ನು ನನ್ನ ತಲೆಗೆ. ಸಿಡಿಯುವುದಿದ್ದರೆ ಇದು ಸಿಡಿಯಲಿ. ಈಗ ಹೇಳು ಮಗಾ."

ಪದ್ಮಾಕ್ಷಿ ಕೈ ತೆಗೆಯದೆ ಹೇಳಿದಳು. ಅಮ್ಮ ಕೆಮ್ಮಿದರೆ ರಕ್ತ ಬರುತ್ತದೆ. ಆ ಬಟ್ಟೆ ತೊಳೆಯುವವಳು ತಾನು. ಗೊತ್ತಾದರೆ ಬೀಡಿ ಬ್ರಾಂಚಿನವರು ಕಟ್ಟಲು ಎಲೆ ಕೊಡುವುದಿಲ್ಲ, ಊರವರು ಬಾವಿ ಮುಟ್ಟಲು ಬಿಡುವುದಿಲ್ಲ.

ಅಮ್ಮಣಿ ಮಗುವಿನ ಕೈ ಹಿಡಿದು ನೆಟ್ಟಗೆ ನೀಲಾವತಿಯ ಒಳಮನೆಗೆ ನಡೆದಳು. ಗುಟ್ಟು ಹೊರಬಿದ್ದದ್ದೂ ಆಣೆ ತಲೆ ಬದಲಿಸಿದ್ದೂ ತಿಳಿದದ್ದೇ ನೀಲಾವತಿ ಮಗಳ ಮೇಲೆ ಕೈ ಎತ್ತಿದಳು. ಅಮ್ಮಣಿ ನಡುವೆ ತಲೆ ಒಡ್ಡಿದಳು. "ಇಲ್ಲಿ ಹೊಡಿ. ಹೇಗೂ ಈ ತಲೆಗೆ ಗ್ರಹಚಾರ ಹಿಡಿದಾಗಿದೆ."

"ನಿಮ್ಮ ತಲೆ ಸಿಡಿದರೆ, ಅಮ್ಮಣಿಯಕ್ಕ?"

"ಸಿಡಿಯಲಿಕ್ಕೆ ಒಳಗೆ ಏನಾದರೂ ಇರಬೇಕಲ್ಲ, ಮಾರಾಯ್ತಿ!"

ನೀಲಾವತಿಗೆ ನಗು ಬಂತು, ನಗುವಿನ ಹಿಂದೆಯೇ ಕೆಮ್ಮು. ಈ ಸಲ ಅವಳು ನುಂಗಲಿಲ್ಲ.

ಮರುದಿನ ಅಮ್ಮಣಿ ಅವಳನ್ನು ಮಂಗಳೂರಿನ ಆಸ್ಪತ್ರೆಗೆ ಸೇರಿಸಿ ಬಂದಳು. ಕೇಳಿದವರಿಗೆಲ್ಲ ಹೊಟ್ಟೆನೋವು ಎಂದಳು. ಪೂರ್ತಿ ಸುಳ್ಳಲ್ಲ, ನೋಯುತ್ತಿದ್ದದ್ದು ಮಗುವಿನ ಹೊಟ್ಟೆ, ಅಷ್ಟೇ.

ಇಂಜೆಕ್ಷನ್ ಮೈಗೆ ಹಿಡಿದು, ಗುಣವಾಗಿ ನೀಲಾವತಿ ಮರಳಿ ಬರುವವರೆಗೆ ಪದ್ಮಾಕ್ಷಿ ಅಮ್ಮಣಿಯ ಮನೆಯಲ್ಲಿದ್ದಳು. ಬೆಳಿಗ್ಗೆ ಎದ್ದವಳು ಮೊದಲು ಅಮ್ಮಣಿಯ ತಲೆಯನ್ನು ಸವರಿ ನೋಡುವಳು.

"ಉಂಟಾ ಮಗಾ?"

"ಉಂಟು ದೊಡ್ಡಮ್ಮ."

ಆಮೇಲೆ ಗಂಜಿ ಉಣ್ಣುವಳು.