ಯೂಕೊ ಚಿಕ್ಕಮ್ಮನ ಸನ್ಯಾಸಿನಿ ಪಾತ್ರ

ಯೂಕೊ ಚಿಕ್ಕಮ್ಮ ಸೌತೆಕಾಯಿ ಹೆಚ್ಚುವುದನ್ನು ನೋಡಲು ಕೀಲ್ಪಾಕಿನ ನಮ್ಮ ಹೋಟೆಲಿನ ಅಡಿಗೆಯವರು ದೋಸೆ ಹೊತ್ತಿದರೂ ಲೆಕ್ಕಿಸದೆ ನಿಲ್ಲುತ್ತಿದ್ದರು. ಮೊದಲು ಸೌತೆಕಾಯಿಗೆ ತಲೆಬಾಗಿ ನಮಸ್ಕಾರ. ಆಮೇಲೆ ಎರಡೂ ಕೈಯಲ್ಲಿ ಚಾಕು ಎತ್ತಿ, ಉಸಿರು ಬಿಗಿಹಿಡಿದು, ಒಂದೇ ಏಟು. "ಪಾವಂ, ಅದಕ್ಕೆ ನೋವಾಗ್ಬಾರ್ದು" ಎಂದು ಹೋಟೆಲಿನಲ್ಲಿ ಕಲಿತ ತಮಿಳು ಬೆರೆಸಿ ಮರುಗುತ್ತಿದ್ದರು.

ಟೋಕಿಯೋದಲ್ಲಿ ಅಡಿಗೆಗಿದ್ದ ಚಿಕ್ಕಪ್ಪ, ದಿನಾ ಸಾರು ಕುಡಿಯಲು ಬರುತ್ತಿದ್ದ ಈ ನಟಿಯನ್ನು ಮದುವೆಯಾಗಿ ಕರೆತಂದಿದ್ದರು. ಮರ್ಯಾದಸ್ಥರು ನೋಡದ, ನೋಡಿದರೂ ಹೇಳಿಕೊಳ್ಳದ ಸಿನಿಮಾಗಳು ಅವರವು. ಅಜ್ಜಿಗೆ ಮಾತ್ರ ಚಿಕ್ಕಪ್ಪ, "ಸನ್ಯಾಸಿನಿ ಪಾತ್ರ ಅಮ್ಮ, ಭಕ್ತಿ ಚಿತ್ರ" ಎಂದಿದ್ದರು. ಸನ್ಯಾಸಿನಿಯೇನೋ ನಿಜ.

ಎಷ್ಟೋ ವರ್ಷಗಳ ಮೇಲೆ ಕಾಲೇಜು ಹುಡುಗರು ಹೇಗೋ ಗುರುತು ಹಿಡಿದು ಹೋಟೆಲಿಗೆ ನುಗ್ಗಿ, "ತಲೈವಿ!" ಎನ್ನುತ್ತ ಅವರ ಕಾಲಿಗೆ ಬಿದ್ದರು. ತಮ್ಮ ಫಿಲಂ ಸೊಸೈಟಿಯಲ್ಲಿ ಆ ಸನ್ಯಾಸಿನಿ ಚಿತ್ರ ಹಾಕುತ್ತೇವೆಂದರು.

"ಭಕ್ತಿ ಚಿತ್ರ ಅಲ್ದಾ? ನಾನೂ ಬತ್ತೆ" ಎಂದು ಅಜ್ಜಿ ರೇಷ್ಮೆ ಸೀರೆ ಉಟ್ಟರು. ಚಿಕ್ಕಪ್ಪನಿಗೆ ಆ ಕ್ಷಣವೇ ಹೊಟ್ಟೆನೋವು ಬಂತು. ಅತ್ತೆ ಸೊಸೆ ಇಬ್ಬರನ್ನೂ ಕರೆದೊಯ್ಯುವುದು ನನ್ನ ಪಾಲಿಗೆ ಬಂತು.

ಪರದೆಯ ಮೇಲೆ ಹಿಮ ಸುರಿಯುತ್ತಿತ್ತು. ಚಿಕ್ಕಮ್ಮನ ಮೈಮೇಲೆ ಜಪಸರ ಬಿಟ್ಟರೆ ಹೆಚ್ಚೇನೂ ಇರಲಿಲ್ಲ, ಕೈಯಲ್ಲಿ ಕತ್ತಿ. ಗುರುಗಳ ತಲೆ ಉರುಳಿತು, ಶಿಷ್ಯರ ತಲೆಗಳು ಉರುಳಿದವು, ಹುಡುಗರು ಶಿಳ್ಳೆ ಹೊಡೆದರು. ನನ್ನ ಪಕ್ಕದಲ್ಲಿ ಚಿಕ್ಕಮ್ಮ ಸೆರಗು ಹಿಂಡುತ್ತ ಕೂತಿದ್ದರು. ಇಂದಿಗೆ ಈ ಮನೆಯ ಋಣ ತೀರಿತು ಎಂದುಕೊಂಡಿರಬೇಕು.

ದೀಪ ಹತ್ತಿತು. ಅಜ್ಜಿ ಸೊಸೆಯತ್ತ ತಿರುಗಿದರು.

"ಅಷ್ಟ್ ಹಿಮ ಬೀಳ್ತಿತ್ತಲ್ಲೆ ಮಾರಾಯ್ತಿ, ನಿಂಗೊಂದ್ ಕಂಬ್ಳಿ ಕೊಡುಕೂ ಯಾರೂ ಇರ್ಲಿಲ್ಯಾ?"

ಚಿಕ್ಕಮ್ಮ ಬಿಕ್ಕಿ ಬಿಕ್ಕಿ ಅತ್ತರು. "ರೊಂಬ ಚಳಿ ಅಮ್ಮ. ಯಾರೂ ಕೇಳ್ಲೇ ಇಲ್ಲ."

ಆ ಪ್ರದರ್ಶನದ ಸುದ್ದಿ ಜಪಾನಿಗೂ ಮುಟ್ಟಿ, ಅಲ್ಲಿಂದ ಮುದುಕಿಯ ಪಾತ್ರಕ್ಕೆ ಕರೆ ಬಂತು. ಹೋಟೆಲಿನ ಹೆಸರು ಹಾಳಾಗುತ್ತದೆಂದು ಚಿಕ್ಕಪ್ಪ ತಕರಾರು ತೆಗೆದರು. ಅಜ್ಜಿ ಅವರನ್ನು ಗದರಿ, "ಹೋಯಿ ಬಾ ಮಗಾ, ಮೈ ತುಂಬ ಬಟ್ಟೆ ಹಾಕ್ಕೋ" ಎಂದು ಕಳಿಸಿಕೊಟ್ಟರು.

ಅಲ್ಲಿಂದ ಚಿಕ್ಕಮ್ಮ ನನಗೆ ಫೋನು ಮಾಡಿದ್ದರು. "ಈ ಸಿನಿಮಾದಲ್ಲಿ ನಾನು ಹಾಸಿಗೇಲಿ ಸಾಯ್ಬೇಕು. ಕತ್ತಿ ಇಲ್ಲ, ರಕ್ತ ಇಲ್ಲ. ಸುಮ್ನೆ ಸಾಯಿ ಅಂತಾನೆ ಡೈರೆಕ್ಟರ್. ಅದು ಹೇಗೆ?" ನಗು ತಡೆಯಲಾಗದೆ ಇಬ್ಬರೂ ಮಾತು ನಿಲ್ಲಿಸಿದೆವು. ಅದನ್ನು ಅಜ್ಜಿಗೂ ಹೇಳಿ ನಗಿಸಿದ್ದೆ.

ಚಿತ್ರೀಕರಣ ಮುಗಿದ ಮೇಲೆ, ಊರಿಗೆ ಹೊರಡುವ ಮೊದಲೇ, ಒಂದು ಬೆಳಿಗ್ಗೆ ಅವರು ನಿದ್ದೆಯಿಂದ ಏಳಲಿಲ್ಲ.

ಅಜ್ಜಿಗೆ ನಾನೇ ಹೇಳಿದೆ. ಅವರು ಒಪ್ಪಲೇ ಇಲ್ಲ.

"ಅದ್ ಸಿನಿಮಾದ್ ಸಾವ್ ಆಯ್ಕ್. ಇನ್ನೊಂದ್ ಸಲ ಫೋನ್ ಮಾಡಿ ಕೇಂಡ್ ಕಾಣ್."