ಅತ್ತೆಯ ನಾಲಿಗೆಗೆ ಅಂಟಿದ ಕಲ್ಲು

ಕಲ್ಲು ಕೈಗೆ ಸಿಕ್ಕಿದ ಕೂಡಲೇ ನಮ್ಮ ಅತ್ತೆ ಅದನ್ನು ಸೆರಗಿನಲ್ಲಿ ಒರೆಸಿ, ಕಣ್ಣು ಮುಚ್ಚಿ, ನಾಲಿಗೆಯ ತುದಿಗೆ ಮುಟ್ಟಿಸುತ್ತಿದ್ದರು. ಅವರ ನಾಲಿಗೆ ಬೆಕ್ಕಿನ ನಾಲಿಗೆಯ ಹಾಗೆ ಸಣ್ಣದು, ಕೆಂಪಗೆ, ತುದಿ ಚೂಪು. ಅಂಟಿದರೆ ಅದು ಹಳೇ ಕಲ್ಲು. ತೆಳ್ಳಗಿನ ಚೂರಾದರೆ ಕೈ ಬಿಟ್ಟರೂ ಒಂದು ಗಳಿಗೆ ನಾಲಿಗೆಗೆ ನೇತುಕೊಂಡೇ ಇರುತ್ತಿತ್ತು. ಅಂಟದಿದ್ದರೆ ತಲೆ ಅಲ್ಲಾಡಿಸಿ ಹೆಗಲ ಮೇಲಿಂದ ಹಿಂದಕ್ಕೆ ಎಸೆದುಬಿಡುವರು. ಹಿಂದೆ ಬರುವವರು ತಮ್ಮ ತಲೆ ತಾವೇ ಕಾಯ್ದುಕೊಳ್ಳಬೇಕಿತ್ತು.

ಇದನ್ನು ಈಗ ಬರೆಯಲು ಒಂದು ಕಾರಣ ಇದೆ. ಹೋದ ವಾರ ನಮ್ಮ ಮನೆಯಲ್ಲಿ ಆದದ್ದು. ಅದನ್ನು ಮೊದಲೇ ಹೇಳಿದರೆ ಸಂತೋಷದಲ್ಲಿ ಉಳಿದದ್ದೆಲ್ಲ ಮರೆತುಹೋಗುತ್ತದೆ, ಆದ್ದರಿಂದ ಕೊನೆಗೆ ಹೇಳುತ್ತೇನೆ. ನಾನು ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟವಳು. ಹಿಂದುಮುಂದು ಆದರೆ ಓದುವವರೇ ಸರಿ ಮಾಡಿಕೊಳ್ಳಬೇಕು.

ಅತ್ತೆ ಘಟ್ಟದ ಕೆಳಗಿನವರು. ಕುಮಟೆಯ ಆಚೆ, ಹೊಳೆ ಸಮುದ್ರಕ್ಕೆ ಸೇರುವ ಕಡೆ ಅವರ ತವರು. ಅಲ್ಲಿ ಹೊಳೆಯ ದಂಡೆ ಕುಸಿದ ಜಾಗದಲ್ಲಿ ಮಣ್ಣಿನೊಳಗೆ ಚಿಪ್ಪಿನ ದಪ್ಪ ಪದರ ಕಾಣುತ್ತದೆ. ಸುಣ್ಣ ಸುಡುವವರು ಅಗೆದು ಒಯ್ಯುವುದು ಅದನ್ನೇ. ಅದರ ಕೆಳಗೆ, ನೀರು ಇಳಿದಾಗ ಮಾತ್ರ ತೋರುವ ಕಡೆ, ಗಟ್ಟಿಯಾಗಿ ಕಲ್ಲೇ ಆಗಿಹೋದ ಕೆಸರಿನ ಉಂಡೆಗಳು. ಒಡೆದರೆ ಒಳಗೆ ಚಿಪ್ಪಿನ ಅಚ್ಚು, ಶಂಖದ ಸುರುಳಿ, ಕೆಲವೊಮ್ಮೆ ಏಡಿಯ ಕಾಲು. ಅತ್ತೆ ಹುಡುಗಿಯಾಗಿದ್ದಾಗಿನಿಂದ ಅವನ್ನು ಆರಿಸಿದವರು. ಮದುವೆಯಾಗಿ ಶಿರಸಿಗೆ ಬಂದ ಮೇಲೂ ಬಿಡಲಿಲ್ಲ. ಮಾಘದ ಹುಣ್ಣಿಮೆಗೆ ಸಮುದ್ರ ಸ್ನಾನ ಅನ್ನುವುದು ಹೆಸರಿಗೆ. ದೇವಿಮನೆ ಘಟ್ಟದ ಬಸ್ಸಿನಲ್ಲಿ ಮನೆಮಂದಿಯೆಲ್ಲ ಇಳಿಯುತ್ತಿದ್ದದ್ದು ಕಲ್ಲಿಗೆ.

ಶಿರಸಿ ಪೇಟೆಯಲ್ಲಿ ನಮ್ಮದು ಹಿಟ್ಟಿನ ಗಿರಣಿ. ಮುಂದೆ ಗಿರಣಿ, ಹಿಂದೆ ಮನೆ. ಬೀಸುವ ಕಲ್ಲು ಸವೆದರೆ ಅದರ ಮೈಯನ್ನು ಉಳಿ ಸುತ್ತಿಗೆಯಿಂದ ಕುಟ್ಟಿ ಒರಟು ಮಾಡಬೇಕು. ನಮ್ಮನೆಯವರು ಅದೇ ಉಳಿ ಸುತ್ತಿಗೆಯನ್ನು ಚೀಲಕ್ಕೆ ಹಾಕಿಕೊಂಡು ಸಮುದ್ರಕ್ಕೆ ಬರುತ್ತಿದ್ದರು. ಅತ್ತೆ ಆರಿಸುವುದು, ಅವರು ಒಡೆಯುವುದು, ಮಗಳು ತೊಳೆಯುವುದು, ನಾನು ಹೊರುವುದು. ತಂದದ್ದನ್ನು ಗಿರಣಿಯ ಗೋಡೆಯ ಹಲಗೆಯ ಮೇಲೆ ಇಡುತ್ತಿದ್ದೆವು. ಅವುಗಳ ಮೇಲೆ ಯಾವಾಗಲೂ ತೆಳ್ಳಗೆ ಹಿಟ್ಟು ಕೂತಿರುತ್ತಿತ್ತು. ಹಿಟ್ಟಿಗೆ ಬಂದವರು, "ಇದೆಂಥದ್ರಾ, ಕಲ್ಲಿಗೂ ನೈವೇದ್ಯವಾ?" ಎಂದು ಕೇಳುವರು.

ಮಗಳ ಶಾಲೆಯ ಅಕ್ಕೋರು ಒಮ್ಮೆ ಬಂದು ನೋಡಿ, ಇವಕ್ಕೆ ಪಳೆಯುಳಿಕೆ ಅನ್ನುತ್ತಾರೆ, ಆದರೆ ಭೂಮಿಯ ಲೆಕ್ಕದಲ್ಲಿ ಇವು ಬಹಳ ಹಳೆಯವೇನಲ್ಲ ಅಂದರು. ಅತ್ತೆಗೆ ಬೇಜಾರಾಗಲಿಲ್ಲ. "ಎನ್ನಕಿಂತ ಹಳೇದು ಹೌದಲ್ಲ, ಸಾಕು" ಅಂದರು.

ಇಷ್ಟು ಓದಿದವರು ಅತ್ತೆಯನ್ನು ಮಡಿ ಮೈಲಿಗೆ ಇಲ್ಲದ ಹೆಂಗಸು ಅಂದುಕೊಂಡರೆ ತಪ್ಪು. ಎಂಜಲು ಅಂದರೆ ಅವರಿಗೆ ಬೆಂಕಿ ಮುಟ್ಟಿದ ಹಾಗೆ. ಲೋಟವನ್ನು ತುಟಿಗೆ ತಾಗಿಸಿ ನೀರು ಕುಡಿದದ್ದನ್ನು ನಾನು ಕಂಡಿಲ್ಲ, ಮೇಲಿಂದಲೇ ಹೊಯ್ದುಕೊಳ್ಳುವರು. ಮಗಳು ಕಚ್ಚಿದ ಹಣ್ಣಿನ ಚೂರನ್ನು ನಾನು ತಿಂದರೆ, "ನಿಂಗೆ ಬೇರೆ ಹಣ್ಣಿಲ್ಯನೇ?" ಎಂದು ಬೈಯುವರು. ಅಂಥವರು ಬಯಲಲ್ಲಿ ನಿಂತು ಕೆಸರು ಕಲ್ಲು ನೆಕ್ಕುವುದು. ನಮ್ಮನೆಯವರು ಸುಮ್ಮನಿರುವ ಜನ ಅಲ್ಲ.

"ಆಯಿ, ದೇವರ ಪೆಟ್ಟಿಗೇಲಿ ಸಾಲಿಗ್ರಾಮ ಇದ್ದಲೆ, ಅದೂ ಹಿಂಗೇ ಶಂಖ ಕಲ್ಲಾಗಿದ್ದಡ. ಅದನ್ನೂ ಒಂದ್ಸಲ ನೆಕ್ಕಿ ನೋಡು, ಖರೆಯೋ ಸುಳ್ಳೋ ಗೊತ್ತಾಗ್ತು."

"ಅದಕ್ಕೆ ನಾಲಿಗೆ ಹಚ್ಚಿದ್ರೆ ನಿನ್ನ ನಾಲಿಗೆ ಸುಡ್ತು, ಮಾಣಿ."

"ಹಂಗಾರೆ ಇದು ಎಂಜಲಲ್ದ?"

"ಸಮುದ್ರಕ್ಕೆ ಎಂಜಲೂ ಇಲ್ಲೆ, ಮೈಲಿಗೆನೂ ಇಲ್ಲೆ. ಸುಮ್ನೆ ಕಲ್ಲು ಒಡಿ."

ತೊಂಬತ್ತರ ದಶಕ ಶುರುವಾದ ಹೊಸತರಲ್ಲಿ ನಮ್ಮನೆಯವರು ಹೋದರು. ಗಿರಣಿಗೆ ಬೆಲ್ಟು ಹಾಕುತ್ತ ನಿಂತವರು ಎದೆ ಹಿಡಿದುಕೊಂಡು ಕೂತರು, ಆಸ್ಪತ್ರೆ ಮುಟ್ಟುವುದರೊಳಗೆ ಮುಗಿಯಿತು. ಮಗಳು ಆಗ ಮೂರನೇ ಇಯತ್ತೆ.

ನಾನು ಅಳಲಿಲ್ಲ. ಗಟ್ಟಿಗಿತ್ತಿ ಎಂದು ಕೆಲವರು ಅಂದರಂತೆ. ಗಟ್ಟಿಯೂ ಅಲ್ಲ ಎಂಥದೂ ಅಲ್ಲ. ಕಾಲು ಮಡಚಿ ಕೂತು ಎದ್ದರೆ ಜೋಮು ಹಿಡಿಯುತ್ತದಲ್ಲ, ಅದು ಇಡೀ ಮೈಗೆ ಹಿಡಿದಿತ್ತು. ಯಾರೋ ಮಾತಾಡಿದರೆ ಬಾಯಿ ಅಲ್ಲಾಡುವುದು ಕಾಣುತ್ತಿತ್ತು. ಬಿಸಿ ಪಾತ್ರೆಯನ್ನು ಬರಿಗೈಯಲ್ಲಿ ಇಳಿಸಿದ್ದೆ, ಅಂಗೈ ಬೊಬ್ಬೆ ಬಂದದ್ದನ್ನು ಅತ್ತೆ ನೋಡಿ ತುಪ್ಪ ಹಚ್ಚಿದರು. ಊಟ ಗಂಟಲಿಗೆ ಇಳಿಯುತ್ತಿತ್ತು, ರುಚಿ ಇಲ್ಲ. ಸಾರಿಗೆ ಉಪ್ಪು ಹಾಕಿದ್ದೇನೋ ಇಲ್ಲವೋ ತಿಳಿಯದೆ ಇನ್ನೊಮ್ಮೆ ಹಾಕುತ್ತಿದ್ದೆ. ಅತ್ತೆ ಅದನ್ನೇ ಉಣ್ಣುತ್ತಿದ್ದರು. ಮಗಳು ಮುಖ ಹಿಂಡಿದರೆ ಅವಳ ತಟ್ಟೆಗೆ ಮಜ್ಜಿಗೆ ಹೊಯ್ಯುತ್ತಿದ್ದರು.

ಮಗಳು ಬಂದು ಸೆರಗು ಎಳೆದರೂ ನಾನು ತಿರುಗುತ್ತಿರಲಿಲ್ಲವಂತೆ. ಅದು ನನಗೆ ನೆನಪಿಲ್ಲ.

ಯಲ್ಲಾಪುರದ ಕಡೆ, ಉಮ್ಮಚಗಿಯಲ್ಲಿ ನನ್ನ ತವರು. ಅಣ್ಣ ಬಂದು ನೋಡಿದ. ಅವನು ಕೆಟ್ಟವನಲ್ಲ, ನನ್ನ ಮಗಳ ಮುಖ ನೋಡಿ ಸಂಕಟಪಟ್ಟ.

"ಅತ್ತೆ, ತಂಗಿ ಹಿಂಗೇ ಕಲ್ಲಿನ ಹಂಗೆ ಕೂತ್ರೆ ಕೂಸಿನ ಗತಿ ಎಂತದು? ಕೂಸನ್ನ ಆನು ಕರ್ಕಂಡು ಹೋಗ್ತೆ. ಎಂಗಳ ಮಕ್ಕಳ ಜೊತಿಗೆ ಬೆಳೀತು. ಅಲ್ಲೇ ಶಾಲಿಗೆ ಹಾಕ್ತೆ."

ನನ್ನೆದುರಿಗೇ ಹೇಳಿದ. ನನ್ನ ಮಗಳನ್ನು ಒಯ್ಯುವ ಮಾತು, ನನಗೆ ಮುಟ್ಟಲೇ ಇಲ್ಲ.

ಅತ್ತೆ ಅಂದರು, "ಕರ್ಕಂಡು ಹೋಗು. ಮಾಘ ಮುಗೀಲಿ. ಸಮುದ್ರಕ್ಕೆ ಹೋಗಿ ಬರ್ತ್ಯ, ಆಮೇಲೆ ಬಾ."

"ವರ್ಷದೊಳಗೆ ಹಂಗೆಲ್ಲ ತಿರ್ಗಾಡ್ಲಾಗ ಹೇಳ್ತ್ವಲ್ಲೆ ಅತ್ತೆ. ಜನ ಎಂತ ಹೇಳ್ತ?"

"ಜನಕ್ಕೆ ಹಿಟ್ಟು ಬೇಕಾದ್ರೆ ಇಲ್ಲಿಗೇ ಬರವು. ಆಗ ಕೇಳ್ತೆ."

ಅವನು ಹೋದ ಮೇಲೆ ಅತ್ತೆ ನನ್ನ ಪಕ್ಕ ಬಂದು ಕೂತರು. ಗಿರಣಿ ನಿಂತಿತ್ತು. ಹಿಟ್ಟಿಗೆ ಬಂದವರು ಪಾಳಿಗೆ ಡಬ್ಬ ಇಡುವ ಜಾಗ ಬರಿದಾಗಿತ್ತು. ಅದನ್ನೇ ನೋಡುತ್ತ ಹೇಳಿದರು, "ನಿನ್ನ ಗಂಡ ಸತ್ತ, ಎನ್ನ ಮಗ ಸತ್ತ. ಇಬ್ರೂ ಒಂದೇ ಸಲ ಕೂತ್ರೆ ಕೂಸಿಗೆ ಅನ್ನ ಹಾಕವ್ವು ಯಾರು? ಪಾಳಿ ಮೇಲೆ ಕೂರನ. ಈಗ ನಿನ್ನ ಪಾಳಿ, ಕೂತ್ಕ. ಎನ್ನದು ಆಮೇಲೆ."

ಕೇಳಿಸಿತು, ಆದರೆ ಅರ್ಥವಾದದ್ದು ಬಹಳ ದಿನದ ಮೇಲೆ.

ಮಾಘದಲ್ಲಿ ಮೂವರೂ ಘಟ್ಟ ಇಳಿದೆವು. ಸುತ್ತಿಗೆಯ ಚೀಲ ಅತ್ತೆಯ ಹೆಗಲಲ್ಲಿ. ನೀರು ಇಳಿದಿತ್ತು. ನನ್ನನ್ನು ಒಂದು ಬಂಡೆಯ ಮೇಲೆ ಕೂರಿಸಿ ಅಜ್ಜಿ ಮೊಮ್ಮಗಳು ಕೆಸರಿಗೆ ಹೋದರು. ಬಿಸಿಲಿತ್ತು, ಗಾಳಿ ಇತ್ತು, ನನಗೆ ಎರಡೂ ತಾಗಲಿಲ್ಲ. ಮಗಳು ಒಂದು ಉಂಡೆ ಆರಿಸಿದಳು, ಹೋಳಿಗೆಯ ಕಣಕದ ಉಂಡೆಯಷ್ಟು ದೊಡ್ಡದು. ಅತ್ತೆ ಉಳಿ ಇಟ್ಟು ಹೊಡೆದದ್ದು ಕಂಡೆ. ಮಗನಷ್ಟು ಚೆನ್ನಾಗಿ ಒಡೆಯಲು ಬರಲಿಲ್ಲ, ಅಂಚು ಸೀಳಿತು. ಆದರೂ ಒಳಗೆ ಬೀಸಣಿಗೆಯ ಹಾಗೆ ಗೆರೆಗೆರೆಯಾಗಿ ಒಂದು ಚಿಪ್ಪಿನ ಅಚ್ಚು.

ಮಗಳು ಅದನ್ನು ಹಿಡಿದುಕೊಂಡು ಓಡಿ ಬಂದಳು. "ಆಯಿ, ನೋಡು, ನಂಗೆ ಸಿಕ್ತು!"

ನಾನು ಕೈ ಚಾಚಲಿಲ್ಲ. ಅವಳು ನನ್ನ ಮಡಿಲಲ್ಲಿ ಇಟ್ಟಳು, ಅದು ಜಾರಿ ಕೆಳಗೆ ಬಿತ್ತು. ಆಗ ಅವಳ ಮುಖ ಹೇಗಾಯಿತೆಂದು ಅತ್ತೆ ನೋಡಿರಬೇಕು. ಕೆಸರುಗಾಲಲ್ಲೇ ಬಂದರು. ಕಲ್ಲು ಎತ್ತಿ, ಒರೆಸಿ, ಕಣ್ಣು ಮುಚ್ಚಿ ತಮ್ಮ ನಾಲಿಗೆಗೆ ಇಟ್ಟು ನೋಡಿದರು. ಕಿತ್ತು ತೆಗೆದು ನನ್ನ ಬಾಯಿಯ ಹತ್ತಿರ ತಂದರು.

"ನಾಲಿಗೆ ಹಾಕು."

ತಮ್ಮ ಎಂಜಲನ್ನು ಕೊಡುತ್ತಿದ್ದಾರೆ ಎಂದು ತಿಳಿಯಿತು. ಲೋಟಕ್ಕೆ ತುಟಿ ತಾಗಿಸದವರು. ಒಂದು ಕೈಯಲ್ಲಿ ನನ್ನ ಗಲ್ಲ ಹಿಡಿದಿದ್ದರು, ಮಗುವಿಗೆ ಔಷಧ ಕುಡಿಸುವಾಗ ಹಿಡಿಯುವ ಹಾಗೆ. ನಾಲಿಗೆ ಚಾಚಿದೆ. ಕಲ್ಲು ಅಂಟಿತು. ಅಂಟಿ ಎಳೆಯಿತು. ಒಳಗಿನ ಒದ್ದೆಯನ್ನೆಲ್ಲ ಯಾರೋ ಹೀರಿಕೊಂಡ ಹಾಗೆ ತುದಿಯಲ್ಲಿ ಚುರುಕ್ಕೆಂದಿತು.

"ಎಂತ ಆಗ್ತು?"

"ಉಪ್ಪು" ಅಂದೆ.

ಮಗಳು ಬಾಯಿ ತೆರೆದುಕೊಂಡು ನನ್ನನ್ನೇ ನೋಡುತ್ತಿದ್ದಳು. ಅತ್ತೆ ಕಲ್ಲನ್ನು ಅವಳ ಕೈಗೆ ಕೊಟ್ಟು, ಸುತ್ತಿಗೆ ಚೀಲಕ್ಕೆ ಹಾಕುತ್ತ ಹೇಳಿದರು, "ಉಪ್ಪು ಗೊತ್ತಾಗ್ತು ಹೇಳಾದ್ರೆ ನಾಳೆಯಿಂದ ಸಾರಿಗೆ ಒಂದೇ ಸಲ ಹಾಕು ಮಾರಾಯ್ತಿ. ಉಂಡು ಉಂಡು ಎನ್ನ ನಾಲಿಗೆಗೇ ಜಡ್ಡು ಬೈಂದು."

ಮಾಘ ಮುಗಿದ ಮೇಲೆ ಅಣ್ಣ ಬಂದ. ನಾನೇ ಬಡಿಸಿದೆ. ಅವನು ಸಾರನ್ನ ಬಾಯಿಗಿಟ್ಟು ನನ್ನ ಮುಖ ನೋಡಿದ. "ಕೂಸಿನ ಅಂಗಿ ಎಲ್ಲ ಕಟ್ಟಿ ಆತ?" ಎಂದು ಮೆಲ್ಲಗೆ ಕೇಳಿದ.

"ಕೂಸು ಇಲ್ಲೇ ಇರ್ತು ಅಣ್ಣ. ಅದಕ್ಕೆ ಶಾಲೆ ಇದ್ದು. ಎಂಗೆ ಗಿರಣಿ ಇದ್ದು."

ಅವನು ಅತ್ತೆಯ ಕಡೆ ನೋಡಿದ. ಅತ್ತೆ, "ಅಣ್ಣಂಗೆ ಇನ್ನೊಂದು ಸೌಟು ಸಾರು ಬಡ್ಸು" ಅಂದರು, ಅಷ್ಟೆ.

ಅವನು ಬಸ್ಸಿಗೆ ಹೋದ ಮೇಲೆ ಅತ್ತೆ ಕೈ ತೊಳೆದುಕೊಂಡು, ಗಿರಣಿಯೊಳಗೆ ಮಗ ಕೂರುತ್ತಿದ್ದ ಮಣೆಯ ಮೇಲೆ ಗೋಡೆಗೆ ಮುಖ ಮಾಡಿ ಕೂತರು. "ಇನ್ನು ಎನ್ನ ಪಾಳಿ" ಅಂದರು. ಯುಗಾದಿಯವರೆಗೂ ಹಾಗೇ ಕೂತರು. ಊಟಕ್ಕೆ ಕರೆದರೆ ಬರುವರು, ಉಂಡು ಮತ್ತೆ ಅಲ್ಲಿಗೇ. ನಾನು ಬೆಲ್ಟು ಹಾಕಲು ಕಲಿತೆ, ಕಲ್ಲು ಕುಟ್ಟಲು ಕಲಿತೆ, ಅವರ ಬೆನ್ನ ಹಿಂದೆ ಗಿರಣಿ ಓಡಿಸಿದೆ. ಅವರ ಬೆನ್ನ ಮೇಲೂ ಹಲಗೆಯ ಕಲ್ಲುಗಳ ಮೇಲೆ ಕೂತ ಹಾಗೆ ಹಿಟ್ಟು ಕೂರುತ್ತಿತ್ತು. ಸಂಜೆ ನಾನು ಒರೆಸುತ್ತಿದ್ದೆ. ಯುಗಾದಿಯ ದಿನ ಎದ್ದು ಸ್ನಾನ ಮಾಡಿ ಬಂದು, "ಬೇವಿಗೆ ಬೆಲ್ಲ ಜಾಸ್ತಿ ಬ್ಯಾಡ" ಅಂದರು.

ಆಮೇಲೂ ವರ್ಷ ವರ್ಷ ಸಮುದ್ರಕ್ಕೆ ಹೋದೆವು. ಒಡೆಯುವ ಕೆಲಸ ನನ್ನದಾಯಿತು. ಅತ್ತೆಯ ಕಣ್ಣು ಮಂಜಾದ ಮೇಲೂ ನಾಲಿಗೆ ಸರಿಯಿತ್ತು. ಕಲ್ಲಾದ ಚಿಪ್ಪಿನಲ್ಲಿ ಕಾಣದಷ್ಟು ಸಣ್ಣ ತೂತುಗಳಿರುತ್ತವೆ, ಅವು ಒದ್ದೆ ಎಳೆಯುತ್ತವೆ, ಅದಕ್ಕೇ ಅಂಟುವುದು ಎಂದು ಮಗಳು ಹೈಸ್ಕೂಲಿಗೆ ಹೋದ ಮೇಲೆ ಹೇಳಿದಳು. ಅತ್ತೆ ಅದನ್ನು ಬಂದವರಿಗೆಲ್ಲ ಹೇಳಿ ಮೊಮ್ಮಗಳನ್ನು ಹೊಗಳಿಕೊಂಡರು.

ಎರಡು ಸಾವಿರದ ಇಸವಿ ಕಳೆದು ಒಂದೆರಡು ವರ್ಷಕ್ಕೆ ಅವರಿಗೆ ಲಕ್ವ ಹೊಡೆಯಿತು. ಒಂದು ಪಕ್ಕ ಪೂರ್ತಿ ಜೋಮು, ಮಾತು ನಿಂತಿತು. ಕೊನೆಯ ದಿನ ಗಂಗಾಜಲ ತರಲು ದೇವರ ಪೆಟ್ಟಿಗೆಗೆ ಹೋದವಳು ಗಿರಣಿಯ ಹಲಗೆಯಿಂದ ಮಗಳ ಆ ಕಲ್ಲನ್ನೂ ತಂದೆ. ಯಾಕೆಂದು ಗೊತ್ತಿಲ್ಲ. ತುಟಿ ಬಿಡಿಸಿ ಒಣಗಿದ ನಾಲಿಗೆಗೆ ಮುಟ್ಟಿಸಿದೆ. ಅಂಟಲಿಲ್ಲ. ಅತ್ತೆ ಕಣ್ಣು ತೆರೆದು, ನಿಧಾನ ತಲೆ ಅಲ್ಲಾಡಿಸಿ, ಸ್ವಾಧೀನವಿದ್ದ ಕೈಯನ್ನು ಹೆಗಲ ಕಡೆ ಎತ್ತಿದರು. ಹಿಂದಕ್ಕೆ ಎಸೆ ಎಂದು. ಸರಿಯಿದ್ದ ಕಡೆಯ ತುಟಿಯಲ್ಲಿ ನಗು ಇತ್ತು. ಮಗಳೂ ನಾನೂ ನಕ್ಕುಬಿಟ್ಟೆವು. ಆಮೇಲೆ ಗಂಗಾಜಲ ಬಿಟ್ಟೆವು. ಹೊತ್ತು ಇಳಿಯುವಾಗ ಹೋದರು.

ಆಗಲೂ ನನಗೆ ಅಳು ಬರಲಿಲ್ಲ. ಅದೇ ಜೋಮು. ಆದರೆ ಈ ಸಲ ಪಾಳಿ ಹಂಚಿಕೊಳ್ಳಲು ಜನ ಇರಲಿಲ್ಲ. ಮಗಳ ಓದು, ಮದುವೆ, ಗಿರಣಿ. ಕೂರಲು ಆಗಲಿಲ್ಲ.

ಈಗ ಹೋದ ವಾರದ್ದು. ಮಗಳನ್ನು ಸಿದ್ದಾಪುರಕ್ಕೆ ಕೊಟ್ಟಿದ್ದು. ಕೂಸನ್ನು ಕರೆದುಕೊಂಡು ಬಂದಿದ್ದಳು. ನನ್ನ ಮೊಮ್ಮಗಳು. ಅಂಬೆಗಾಲು ಇಡುತ್ತಾಳೆ, ಕಂಡದ್ದೆಲ್ಲ ಬಾಯಿಗೆ. ಅವಳು ಬಂದರೆ ನನಗೆ ಕಾಲು ನೆಲದ ಮೇಲೆ ನಿಲ್ಲುವುದಿಲ್ಲ, ಹಿಟ್ಟಿಗೆ ಬಂದವರಿಗೆ ಗೋಧಿ ಡಬ್ಬಕ್ಕೆ ಜೋಳದ ಹಿಟ್ಟು ತುಂಬಿ ಕಳಿಸುತ್ತೇನೆ. ಅವರೂ ನಗುತ್ತಾರೆ. ಆವತ್ತು ಹಲಗೆ ಒರೆಸಲು ಕಲ್ಲುಗಳನ್ನು ಇಳಿಸಿ ನೆಲದ ಮೇಲೆ ಇಟ್ಟಿದ್ದೆ. ಕೂಸು ಬಂದು ಎರಡೂ ಕೈಯಲ್ಲಿ ಒಂದನ್ನು ಎತ್ತಿತು. ಅದೇ ಕಲ್ಲು.

"ಆಯಿ, ಕಲ್ಲು ಬಾಯಿಗೆ ಹಾಕ್ತು ನೋಡೇ!" ಎಂದು ಮಗಳು ಒಳಗಿಂದ ಓಡಿ ಬಂದಳು.

"ಬಿಡು. ನೋಡ್ಲಿ."

ಕೂಸು ನಾಲಿಗೆ ಚಾಚಿತು. ಸಣ್ಣ, ಕೆಂಪು, ತುದಿ ಚೂಪು. ಕಲ್ಲು ಅಂಟಿತು. ಕೂಸಿಗೆ ಗಾಬರಿ. ಕಿತ್ತು ತೆಗೆದು ಕಲ್ಲನ್ನು ನೋಡಿತು, ನಮ್ಮನ್ನು ನೋಡಿತು, ಕೇಕೆ ಹಾಕಿ ನಕ್ಕಿತು. ಮತ್ತೆ ಅಂಟಿಸಿತು, ಮತ್ತೆ ಕಿತ್ತಿತು. ನನಗೆ ಆ ಸಂತೋಷವನ್ನು ಬರೆಯಲು ಬರುವುದಿಲ್ಲ. ಆಮೇಲೆ ಮಕ್ಕಳು ಮಾಡುವ ಹಾಗೆ, ಜೊಲ್ಲು ಸುರಿಯುವ ಆ ಕಲ್ಲನ್ನು ನನ್ನ ಬಾಯಿಯ ಹತ್ತಿರ ತಂದು "ಆಂ" ಅಂದಿತು.

ನಾಲಿಗೆ ಚಾಚಿದೆ.

ಇಷ್ಟು ವರ್ಷ ಹಲಗೆಯ ಮೇಲಿದ್ದ ಕಲ್ಲಿನಲ್ಲಿ ಸಮುದ್ರದ ಉಪ್ಪು ಎಲ್ಲಿಂದ ಉಳಿಯಬೇಕು. ಆದರೆ ನನಗೆ ಬಾಯಿ ತುಂಬ ಉಪ್ಪೇ ಬಂತು. ಮಗಳು ಪಕ್ಕ ಕೂತು ಸೆರಗಿನಿಂದ ನನ್ನ ಮುಖ ಒರೆಸಿದಾಗಲೇ ಆ ಉಪ್ಪು ಎಲ್ಲಿಯದೆಂದು ತಿಳಿದದ್ದು. ಒರೆಸಿದಷ್ಟೂ ಬರುತ್ತಿತ್ತು. ಅವಳು ಹೆದರಲಿಲ್ಲ. ಹೊರಗೆ ಯಾರೋ ಡಬ್ಬ ಇಟ್ಟ ಸದ್ದಾಯಿತು. ಮಗಳು ಎದ್ದು ಬೆಲ್ಟು ಹಾಕಲು ಹೋಗುತ್ತ ಅಂದಳು:

"ನೀ ಕೂತ್ಕ ಆಯಿ. ಈಗ ನಿನ್ನ ಪಾಳಿ."